ಹೀರೋ ಸತ್ತ ಮಧ್ಯಾಹ್ನ

ಕತೆ ಬರೆದವನೂ ತಾನೇ, ಡೈರೆಕ್ಟರೂ ತಾನೇ, ಹೀರೋನೂ ತಾನೇ ಆದ್ದರಿಂದ ಜ್ಞಾನೇಶನಿಗೆ ಬೈಯಲು ಉಳಿದಿದ್ದವನು ಕ್ಯಾಮೆರಾಮನ್ ದಯಾನಂದ ಒಬ್ಬನೇ. ಹಿಂದಿನ ದಿನ ಅವನು ಹೇಳದೆ ಕೇಳದೆ ಕ್ಯಾಮೆರಾ ಓಡಿಸಿ, ಹೀರೋ ಮೂಗು ಒರೆಸಿಕೊಳ್ಳುವುದನ್ನು ಸೊಗಸಾಗಿ ಸೆರೆಹಿಡಿದಿದ್ದ.

"ಇನ್ಮೇಲೆ ನಾನು ಆಕ್ಷನ್ ಅನ್ನೋವರೆಗೂ ನಿನ್ನ ಬೆರಳು ಅಲ್ಲಾಡಬಾರದು. ತಿಳೀತಾ?"

"ಆಯ್ತು ಸಾರ್."

ಈವತ್ತು ಅರಳಗುಪ್ಪೆಯ ಲಕ್ಷ್ಮಿದೇವಮ್ಮನವರ ತೋಟದಲ್ಲಿ ಕೊನೆಯ ದೃಶ್ಯ. ತೆಂಗಿನ ಮರದಿಂದ ಬಿದ್ದು ಹೀರೋ ಸಾಯಬೇಕು, ಕಾಯಿ ಆಯುವ ಹೆಂಗಸರು ಸುತ್ತ ನಿಂತು ಅಳಬೇಕು. ಬಾಡಿಗೆ ಕ್ಯಾಮೆರಾ ಐದು ಗಂಟೆಯ ಬಸ್ಸಿಗೆ ವಾಪಸ್ಸು. ಅಷ್ಟರೊಳಗೆ ಹೀರೋ ಸಾಯದಿದ್ದರೆ ಸಿನಿಮಾಕ್ಕೆ ಕೊನೆಯೇ ಇಲ್ಲ.

ಜ್ಞಾನೇಶ ನಾಲ್ಕು ಸಲ ಸತ್ತ. ನಾಲ್ಕು ಸಲವೂ ಹೆಂಗಸರು ನಕ್ಕರು.

"ತಡೆಯಕ್ಕಾಗಲ್ಲ ಕಣಪ್ಪ," ಎಂದಳು ನಿಂಗಮ್ಮ. "ಸಾಯೋನು ಯಾರಾದ್ರೂ ಮೊದ್ಲು ಲುಂಗಿ ಸರಿ ಮಾಡ್ಕತಾನಾ?"

ಸಾವನ್ನೇ ತೆಗೆದುಬಿಡೋಣ ಎಂದ ಕತೆಗಾರ ಜ್ಞಾನೇಶ. ಕೂಡದು ಎಂದ ಡೈರೆಕ್ಟರ್ ಜ್ಞಾನೇಶ. ಯಾರ ಮಾತು ಕೇಳಬೇಕೋ ಹೀರೋ ಜ್ಞಾನೇಶನಿಗೆ ತಿಳಿಯಲಿಲ್ಲ. ಹೀಗೆ ತಲೆ ಕೆಟ್ಟು ತನ್ನ ಜಾಗಕ್ಕೆ ನಡೆಯುತ್ತಿದ್ದವನು ರಾಶಿಯಿಂದ ಉರುಳಿದ್ದ ಕಾಯಿಯ ಮೇಲೆ ಕಾಲಿಟ್ಟು ದೊಪ್ಪನೆ ಬಿದ್ದ.

"ಅಯ್ಯಯ್ಯೋ, ಹೋಗ್ಬುಟ್ಟ ಕಣೇ!"

ತೋಟವೆಲ್ಲ ಅಳು. ಜ್ಞಾನೇಶ ಅರೆಗಣ್ಣಲ್ಲಿ ನೋಡಿದ. ನಿಂಗಮ್ಮನ ಕೆನ್ನೆಯ ಮೇಲೆ ನಿಜವಾದ ಕಣ್ಣೀರು! ಕ್ಯಾಮೆರಾ ತನ್ನ ಕಡೆಗೇ ಮುಖ ಮಾಡಿತ್ತು. ಸೊಂಟ ಮುರಿದಂತಾಗಿದ್ದರೂ ಅವನಿಗೆ ಎಲ್ಲಿಲ್ಲದ ಖುಷಿ. ಉಸಿರು ಬಿಗಿಹಿಡಿದು ಸತ್ತೇ ಇದ್ದ. ಮೂಗಿನ ಮೇಲೆ ಇರುವೆ ಹತ್ತಿತು. ಯಾರೋ ಮುಖಕ್ಕೆ ಎಳನೀರು ಎರಚಿದರು. ಅವನು ಮಿಸುಕಲಿಲ್ಲ.

"ದಾರಿ ಬುಡ್ರೇ!" ಎನ್ನುತ್ತ ಲಕ್ಷ್ಮಿದೇವಮ್ಮ ಓಡಿ ಬಂದರು. ಅಟ್ಟದ ಮೇಲಿನ ಕಾಯಿ ಒಣಗಿ ಕೊಬ್ಬರಿಯಾಗಿದ್ದರೆ ಒಳಗೆ ಸದ್ದಾಗುತ್ತದೆ. ನಲವತ್ತು ವರ್ಷದಿಂದ ಕಾಯಿಗಳನ್ನು ಕಿವಿಯ ಹತ್ತಿರ ಅಲ್ಲಾಡಿಸಿ ನೋಡಿದ ಕೈ ಅವರದು. ಗಾಬರಿಯಲ್ಲಿ ಆ ಕೈಗೆ ಬೇರೇನೂ ಹೊಳೆಯಲಿಲ್ಲ. ಜ್ಞಾನೇಶನ ತಲೆಯನ್ನು ಎರಡೂ ಕೈಯಲ್ಲಿ ಎತ್ತಿ, ತಮ್ಮ ಕಿವಿಗೆ ಹಿಡಿದು, ಗಡಗಡ ಅಲ್ಲಾಡಿಸಿದರು.

"ಸದ್ದೇ ಇಲ್ಲ ಕಣ್ರೇ! ಇನ್ನೂ ಹಸಿ ಐತೆ. ಬದುಕವ್ನೆ!"

"ಕಟ್!" ಜ್ಞಾನೇಶ ಎದ್ದು ಕುಣಿದ. "ದಯಾ, ಎಲ್ಲಾ ಸಿಕ್ತೇನೋ?"

"ಏನ್ ಸಾರ್ ಸಿಗೋದು? ರಿಹರ್ಸಲ್ ಅನ್ಕೊಂಡೆ. ನೀವು ಆಕ್ಷನ್ನೇ ಅನ್ಲಿಲ್ವಲ್ಲ."

ನಾಲ್ಕೂಮುಕ್ಕಾಲಾಗಿತ್ತು. ಜ್ಞಾನೇಶ ಹೆಂಗಸರಿಗೆ ಕೈಮುಗಿದ. "ಇನ್ನೊಂದೇ ಸಲ ಅತ್ತುಬುಡ್ರಮ್ಮಾ!"

ಎಲ್ಲರೂ ಸಾಲಾಗಿ ನಿಂತರು. ಅವನು ಊರಿಗೆಲ್ಲ ಕೇಳುವಂತೆ ಆಕ್ಷನ್ ಎಂದು ಕೂಗಿ, ಲುಂಗಿಯ ಗೊಡವೆಗೆ ಹೋಗದೆ ಬಿದ್ದ. ನಿಂಗಮ್ಮ ಅಳಲು ಬಾಯಿ ತೆರೆದಳು. ಅಷ್ಟರಲ್ಲಿ ಅವನ ತಲೆ ಕಣ್ಣಿಗೆ ಬಿತ್ತು.

"ಹಸಿ ಐತೆ ಕಣೇ..."

ದಯಾನಂದ ಆ ಶಾಟನ್ನು ಒಂದು ಕ್ಷಣವೂ ಬಿಡದೆ ತೆಗೆದ. ಅದರಲ್ಲಿ ಹೆಂಗಸರೆಲ್ಲ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಾರೆ. ಅಳುತ್ತಿರುವುದು ಹೆಣ ಮಾತ್ರ.