ಹಕ್ಕಿಗೆ ಒದ್ದೆ ಚೀಲ, ಅಕ್ಕನಿಗೆ ಬರಿಗೊಡ

ನನಗೆ ಸಿಕ್ಕ ಕೆಲಸವೆಲ್ಲ ಇಂಥವೇ: ನೆನೆಸಿಕೊಂಡರೆ ನಗು, ನಕ್ಕು ಮುಗಿಯುವುದರೊಳಗೆ ಮತ್ತೆ ಸಿಟ್ಟು. ಐದನೇ ಇಯತ್ತೆಗೆ ಸಾಲಿ ಬಿಟ್ಟವನು ನಾನು. ಪುಣೆಯಲ್ಲಿ ಇಟ್ಟಂಗಿ ಹೊತ್ತೆ, ಹೈದರಾಬಾದಿನಲ್ಲಿ ಬಿರ್ಯಾನಿ ಹಂಡೆ ತಿಕ್ಕಿದೆ; ಎಲ್ಲಿಯೂ ಕಾಲು ನಿಲ್ಲಲಿಲ್ಲ. ಮಳೆ ಕೈಕೊಟ್ಟ ಆ ವರ್ಷಗಳಲ್ಲಿ ನಮ್ಮ ಔರಾದ ಕಡೆಯವರೆಲ್ಲ ಗಂಟು ಕಟ್ಟಿ ದೂರದ ಬಸ್ ಹತ್ತುತ್ತಿದ್ದರೆ, ನಾನು ಉಲ್ಟಾ ಬೀದರಕ್ಕೆ ಬಂದೆ.

ಊರ ಹೊರಗಿನ ಕೆಂಪು ಬಯಲಿನಲ್ಲಿ ಸಾಹೇಬರೊಬ್ಬರು ಬಂದೂಕಿನ ಕ್ಲಬ್ ತೆರೆದಿದ್ದರು. ನೆಲದಲ್ಲೊಂದು ತಗ್ಗು, ತಗ್ಗಿನಲ್ಲಿ ಮಷೀನು, ಮಷೀನಿನ ಹಿಂದೆ ನಾನು. ಮೇಲೆ ಬಂದೂಕು ಹಿಡಿದವರು ಕೂಗಿದ ಕೂಡಲೇ ಡಾಂಬರು, ಸುಣ್ಣ ಕಲಸಿ ಮಾಡಿದ ತಟ್ಟೆಯೊಂದನ್ನು ಆಕಾಶಕ್ಕೆ ಚಿಮ್ಮಿಸಬೇಕು. ಅವರು ಅದನ್ನು ಹೊಡೆದು ಪುಡಿ ಮಾಡಬೇಕು. ಸಾಹೇಬರು ಆ ತಟ್ಟೆಗೆ ಹಕ್ಕಿ ಅನ್ನುತ್ತಿದ್ದರು. ಪಕ್ಕದ ವಾಡಿಯಲ್ಲೇ, ಅಂದರೆ ನಾಲ್ಕು ಮನೆಯ ಹಳ್ಳಿಯಲ್ಲೇ, ನಮ್ಮಕ್ಕನ ಮನೆ. ಉಣ್ಣುವುದು, ಮಲಗುವುದು ಅಲ್ಲಿ.

ಹಳೇ ಮಡಕೆ

ವಾಡಿಗೆ ಮಗಳ ಮನೆಗೆ ಬಂದಿದ್ದ ಹಲಬರ್ಗಾದ ಮುದುಕರೊಬ್ಬರು ಬಂದೂಕಿನ ಸಪ್ಪಳ ಕೇಳಿ, ಬೇಟೆಯಲ್ಲಿ ಒಂದು ಪಾಲು ಸಿಕ್ಕೀತೆಂದು ಚೀಲ ಹಿಡಿದು ಬಂದರು. ಸಂಜೆತನಕ ಬೇವಿನ ನೆರಳಲ್ಲಿ ಕೂತರು. ಕಡೆಗೆ ಒಡೆದ ಚೂರೊಂದನ್ನು ಎತ್ತಿ ಮೂಸಿದರು.

"ತಮ್ಮಾ, ಇದರಾಗ ತಿನ್ನೋದೇನದ?"

"ಏನೂ ಇಲ್ರಿ ಕಾಕಾ."

"ಮತ್ತ ಯಾಕ ಹೊಡೀಲತ್ತಾರ? ಇವರಿಗಿ ಅದೇನ್ ಮಾಡ್ಯಾದ?"

ಸಾಹೇಬರೇ ಎದ್ದು ಬಂದು ಆಟ, ಏಕಾಗ್ರತೆ, ದೇಶದ ಮಾನ ಅಂತ ಬಹಳ ಹೊತ್ತು ತಿಳಿಸಿ ಹೇಳಿದರು. ಮುದುಕರು ಪೂರಾ ಕೇಳಿದರು. "ನಮ್ಮ ಮನ್ಯಾಗ ಹಳೀ ಮಡಕಿ ಭಾಳ ಬಿದ್ದಾವ್ರಿ," ಅಂದರು, "ನಾಳಿ ತರ್ಲೇನ್ರಿ?"

ಬೀಗರು

ಭಾಲ್ಕಿಯಿಂದ ಬರುವ ಸಾವುಕಾರರ ಒಂದು ಏಟೂ ತಟ್ಟೆಗೆ ತಾಗುತ್ತಿರಲಿಲ್ಲ. ತಪ್ಪಿದಾಗಲೆಲ್ಲ ಬೈಗುಳ ನನಗೆ: ಅಡ್ಡ ಒಗೆದೆ, ತಡ ಮಾಡಿದೆ, ಬೇಕಂತಲೇ ಮಾಡಿದೆ, ಕತ್ತೆ ನೀನು. ಒಮ್ಮೆ ಅವರ ಬೀಗರು ಜೊತೆಗೆ ಬಂದಿದ್ದರು. ಮಷೀನು ನೋಡುವ ಆಸೆಗೆ ಸದ್ದಿಲ್ಲದೆ ತಗ್ಗಿಗಿಳಿದು, ನನ್ನನ್ನು ಸರಿಸಿ, ತಾವೇ ಹಿಡಿಕೆ ಎಳೆದರು. ಏಟು ಎಂದಿನಂತೆ ತಪ್ಪಿತು.

"ಯಾವ ಕತ್ತಿ ಕುಂತದೋ ಒಳಗ?" ಅಂತ ಸಾವುಕಾರರು ಗುಡುಗಿದರು.

ತಗ್ಗಿನಿಂದ ಬೀಗರ ರುಮಾಲು ಮೆಲ್ಲಗೆ ಮೇಲೆದ್ದಿತು. "ನಾನ್ರಿ. ನಿಮ್ಮ ಮನಿಗಿ ಮಗಳನ್ನ ಕೊಟ್ಟ ಕತ್ತಿ."

ಸಾವುಕಾರರು ಬೀಗರಿಗೆ ಕೈಮುಗಿದು, ಊಟ ಹಾಕಿಸಿ, ಶಾಲು ಹೊದಿಸಿ ಕಳಿಸಿದರು. ಮರುದಿನದಿಂದ ಕತ್ತೆ ಮತ್ತೆ ನಾನೇ.

ಒದ್ದೆ ಚೀಲ

ಬೇಸಿಗೆ ಏರಿದಂತೆ ಡಾಂಬರು ಮೆತ್ತಗಾಯಿತು. ಬಂದೂಕಿನ ಛರ್ರೆ, ಆ ಸೀಸದ ಕಾಳು, ತೂತು ಕೊರೆದು ದಾಟಿ ಹೋದರೂ ತಟ್ಟೆ ಒಡೆಯದು. ಒಡೆಯದಿದ್ದರೆ ಹೊಡೆದದ್ದು ಲೆಕ್ಕಕ್ಕಿಲ್ಲ, ಅದಕ್ಕೇ ಜಗಳ. ಆಗ ಸಾಹೇಬರ ಹುಕುಂ ಆಯಿತು: ಹಕ್ಕಿಗಳನ್ನು ನೆರಳಲ್ಲಿಟ್ಟು ಒದ್ದೆ ಗೋಣಿಚೀಲ ಹೊದಿಸಬೇಕು. ಧೂಳಿನಲ್ಲಿ ತಟ್ಟೆ ಕಾಣುವುದಿಲ್ಲವೆಂದು ಬಯಲಿಗೂ ನೀರು ಹೊಡೆಯಬೇಕು. ಟ್ರ್ಯಾಕ್ಟರಿನ ಮೇಲೆ ಕರಿ ಪ್ಲಾಸ್ಟಿಕ್ ಟಾಕಿ ತುಂಬಿ ದಿನಾ ನೀರು ಬರತೊಡಗಿತು. ವಾಡಿಯ ಬಾವಿಯ ತಳದಲ್ಲಿ ಕೆಸರೂ ಉಳಿದಿರಲಿಲ್ಲ. ಅಕ್ಕ ಮತ್ತು ನೆರೆಯ ಹೆಂಗಸರು ಕೊಡ ಹಿಡಿದು ಗೇಟಿಗೆ ಬಂದು ನಿಂತರೆ, ಬಯಲು ನೆನೆದು ಉಳಿದರೆ ನೋಡೋಣ ಅನ್ನುತ್ತಿದ್ದರು ಸಾಹೇಬರು. ಒಂದು ದಿನವೂ ಉಳಿಯಲಿಲ್ಲ.

ಆ ಸಿಟ್ಟನ್ನು ಅಕ್ಕ ನನ್ನ ತಾಟಿಗೆ ಬಡಿಸಿದಳು. "ನಿನ್ನ ಡಾಂಬರ ತಟ್ಟಿಗಿ ಇರೋ ಮಾನ ನಿಮ್ಮಕ್ಕಗಿಲ್ಲ. ನಾಳಿ ಎರಡು ಕೊಡ ನೀರು ಬರಲಿಲ್ಲಂದ್ರ ನೀನೂ ಒದ್ದಿ ಚೀಲ ಹೊಚ್ಚಿಕೊಂಡು ಅಲ್ಲೇ ಮಲಗು."

ಗುರಿ

ಮರುದಿನ ಪಂದ್ಯ. ಬೆಳಿಗ್ಗೆಯೇ ಸಾಹೇಬರನ್ನು ಎರಡು ಕೊಡ ಕೇಳಿದೆ. ಮುಖ್ಯ ಅತಿಥಿ ಬರುತ್ತಾರೆ, ಧೂಳೇಳಬಾರದು, ಒಂದು ಹನಿಯೂ ಇಲ್ಲ ಅಂದರು.

ಆ ಮುಖ್ಯ ಅತಿಥಿಗಳು ಬಂದೂಕು ಮುಟ್ಟಿದ್ದು ಅವತ್ತೇ ಮೊದಲು. ಸಾಹೇಬರು ಕಲಿಸಿದ್ದು ಒಂದೇ ಪಾಠ: ಹಕ್ಕಿಗೆ ಹೊಡೆಯಬಾರದು, ಅದರ ಮುಂದೆ ಹೊಡೆಯಬೇಕು, ಬಂದೂಕಿನ ನಳಿಗೆ ತಿರುಗುತ್ತಲೇ ಇರಬೇಕು, ನಿಲ್ಲಿಸಲೇಬಾರದು. ಅತಿಥಿಗಳು ಕೂಗಿದರು, ನಾನು ಚಿಮ್ಮಿಸಿದೆ. ಬಂದೂಕಿನ ಸಪ್ಪಳವೇ ಇಲ್ಲ. ತಲೆಯೆತ್ತಿ ನೋಡಿದರೆ ಹಕ್ಕಿ ಎಡಕ್ಕೆ ಹಾರಿ, ನೆಲಕ್ಕೆ ಬಿದ್ದು, ಸುಮ್ಮನಾಗಿತ್ತು. ಅತಿಥಿಗಳು ಮಾತ್ರ ಪಾಠ ಬಿಡದೆ ಇನ್ನೂ ತಿರುಗುತ್ತಿದ್ದರು. ನಳಿಗೆ ಬಂದತ್ತ ಮಂದಿ ಸಾಲುಸಾಲಾಗಿ ಬೋರಲು ಬಿದ್ದರು. ಸಾಹೇಬರು ಎಲ್ಲರಿಗಿಂತ ಮೊದಲು. ಕಡೆಗೆ ಢಂ ಅಂದಿತು. ಹತ್ತಿರದಲ್ಲೇ ನೀರು ತುಂಬಿ ನಿಂತಿದ್ದ ಟಾಕಿಯ ಬುಡದಲ್ಲಿ ಮುಷ್ಟಿಯಗಲ ತೂತು.

ನೀರು ಧೋ ಅಂತ ಚಿಮ್ಮಿತು. ಗೇಟಿನಲ್ಲಿದ್ದ ಹೆಂಗಸರು ಕೊಡಗಳ ಸಮೇತ ಒಳಗೆ ನುಗ್ಗಿದರು. ಸಾಹೇಬರು ಮಣ್ಣು ಕೊಡವುತ್ತಾ ನನ್ನತ್ತ ಕಿರುಚಿದರು: "ಆ ಒದ್ದಿ ಚೀಲ ತಂದು ತೂತಿನಾಗ ತುರುಕೋ!"

"ಚೀಲ ತೆಗದ್ರ ಹಕ್ಕಿ ಬಿಸಲಿಗಿ ಮೆತ್ತಗಾಗ್ತಾವ್ರಿ, ಸಾಹೇಬರ," ಅಂದೆ.

ನನ್ನ ಕೆಲಸ ಅಲ್ಲಿಗೇ ಹೋಯಿತು. ಅಷ್ಟರಲ್ಲಿ ಅಕ್ಕ ತಲೆಯ ಮೇಲೊಂದು, ಸೊಂಟದ ಮೇಲೊಂದು ತುಂಬಿದ ಕೊಡ ಹೊತ್ತು, ಇನ್ನೂ ಬಂದೂಕು ಹಿಡಿದೇ ಇದ್ದ ಅತಿಥಿಗಳ ಮುಂದೆ ಬಂದು ನಿಂತಳು.

"ಇಷ್ಟು ದಿನದಾಗ ಗುರಿಗಿ ಹೊಡದಿದ್ದು ನೀವೊಬ್ಬರೇ ನೋಡ್ರಿ," ಅಂದಳು. "ನಾಳಿನೂ ಬರ್ರಿ."