ಗೋಬರ್ ಗ್ಯಾಸಿಗೆ ಅಜ್ಜಿಯ ತಕರಾರು

ಸರ್ಕಾರ ಹೊಸದೇನನ್ನಾದರೂ ಹಳ್ಳಿಗೆ ಕಳಿಸಿದಾಗ ಮೊದಲು ತಲುಪುವುದು ತಮಾಷೆ, ವಸ್ತು ಬರುವುದು ಆಮೇಲೆ. ಎಂಬತ್ತರ ದಶಕದಲ್ಲಿ ಹೀಗೇ ಆಯಿತು. ಸೀಮೆಎಣ್ಣೆ ತುಟ್ಟಿ, ಸೌದೆಗೆ ಕಾಡಿಲ್ಲ, ಇನ್ನು ಸಗಣಿಯೇ ಗತಿ ಎಂದು ದೆಹಲಿಯಲ್ಲಿ ತೀರ್ಮಾನವಾಯಿತು. ಆ ತೀರ್ಮಾನವನ್ನು ಮುಳಬಾಗಿಲು ಕಡೆಯ ಹಳ್ಳಿಗಳಿಗೆ ಸೈಕಲ್ ಮೇಲೆ ಹೊತ್ತು ತಿರುಗಿದವನು ನಾನು. ಮನೆಮನೆಗೆ ಗೋಬರ್ ಗ್ಯಾಸ್ ಹಾಕಿಸುವುದೇ ನನ್ನ ನೌಕರಿ. ಕುರುಡುಮಲೆ ಹತ್ತಿರದ ಹಳ್ಳಿಯ ಒಂದೇ ಒಂದು ಮನೆ ನನ್ನನ್ನು ಆಡಿಸಿದ ಆಟ ನೆನೆದರೆ ಈಗಲೂ ನಗು ಬರುತ್ತದೆ.

೧. ಯಾರ ಗ್ಯಾಸು?

ಆ ಮನೆಯಲ್ಲಿ ಅಜ್ಜಿ, ಮಗ, ಸೊಸೆ. ಗ್ಯಾಸು ಬೇಕೆಂದವಳು ಸೊಸೆ. ಹಸಿ ಸೌದೆಯ ಹೊಗೆಗೆ ಅವಳ ಕಣ್ಣು ಸದಾ ಕೆಂಪಗೆ ಊದಿಕೊಂಡಿರುತ್ತಿತ್ತು. ನೋಡಿದರೆ ಪಾಪ ಅನ್ನಿಸುತ್ತಿತ್ತು.

“ಅಣ್ಣಾ, ಹೇಗಾದ್ರೂ ಮಾಡಿ ನಮ್ಮತ್ತೇನ ಒಪ್ಪಿಸಿ” ಅಂದಳು.

ನಾನು ಜಗಲಿಯ ಮೇಲೆ ಕೂತು ಅಜ್ಜಿಗೆ ವಿವರಿಸಿದೆ. ಸಗಣಿ ಗುಂಡಿಯೊಳಗೆ ಕೊಳೆತರೆ ಗ್ಯಾಸು ಬರುತ್ತದೆ, ಅದು ಪೈಪಿನಲ್ಲಿ ಒಲೆಗೆ ಬರುತ್ತದೆ ಎಂದೆ. ಅಜ್ಜಿ ಸಾವಧಾನವಾಗಿ ಕೇಳಿಸಿಕೊಂಡರು.

“ಅವರೆಕಾಳು ತಿಂದ್ರೆ ನಂಗೂ ಬರ್ತದೆ. ಅದಕ್ಕೂ ಒಂದು ಪೈಪ್ ಹಾಕ್ತೀಯೇನಪ್ಪಾ?”

೨. ಊದುಗೊಳವೆ

ಸೊಸೆ ಹಟ ಬಿಡಲಿಲ್ಲ. ಕೊನೆಗೆ ಅಜ್ಜಿ “ಏನಾದ್ರೂ ಮಾಡ್ಕೊಳ್ಳಿ” ಅಂದರು. ಗುಂಡಿಯಾಯಿತು, ಪೈಪ್ ಬಂತು, ಒಲೆ ಹತ್ತಿತು. ಹೊಗೆಯಿಲ್ಲದ ಅಡುಗೆಮನೆಯಲ್ಲಿ ಸೊಸೆ ಮುದ್ದೆಗೆ ಎಸರಿಟ್ಟಳು. ನನಗೂ ತುಂಬಾ ಸಂತೋಷವಾಯಿತು.

ಅವಳೂ ನಾನೂ ಹಿತ್ತಲಿನ ಗುಂಡಿ ನೋಡಿ ಬರುವಷ್ಟರಲ್ಲಿ ಒಲೆ ಆರಿತ್ತು. ಮತ್ತೆ ಹಚ್ಚಿ ಹೋದೆ, ಮತ್ತೆ ಆರಿತು. ಮೂರನೇ ಸಲ ಹಚ್ಚಿ ಬಾಗಿಲ ಮರೆಯಲ್ಲಿ ನಿಂತು ನೋಡಿದೆ. ಉರಿ ಸಣ್ಣಗಿದೆಯೆಂದು ಅಜ್ಜಿ ಊದುಗೊಳವೆ ಹಿಡಿದು ಊದುತ್ತಿದ್ದಾರೆ.

“ಅಜ್ಜೀ, ಇದನ್ನ ಊದಬಾರದು.”

“ಮುದುಕಿ ಉಸಿರೇ ತಡ್ಕೊಳ್ಳಲ್ಲ, ಇದು ಮುದ್ದೆ ಬೇಯಿಸ್ತದಾ?”

೩. ಬುಟ್ಟಿಗಟ್ಟಲೆ

ತಪಾಸಣೆಗೆ ನಮ್ಮ ಇಲಾಖೆಯ ದೊಡ್ಡ ಸಾಹೇಬರು ಬಂದರು. ಧಾರವಾಡದ ಕಡೆಯವರು. ಕೊಟ್ಟಿಗೆಯಲ್ಲಿ ಎರಡೇ ದನ ಕಂಡು ಹುಬ್ಬು ಗಂಟಿಕ್ಕಿದರು.

“ಇಷ್ಟರಾಗ ಗ್ಯಾಸ್ ಸಾಲಂಗಿಲ್ಲ. ಒಲಿ, ಪೈಪು ಬಿಚ್ಚಿ ಬ್ಯಾರೆ ಮನಿಗೆ ಕೊಡ್ರಿ.”

ಸೊಸೆಯ ಮುಖ ಬಾಡಿತು. ಅದನ್ನು ನೋಡಿ ಮುಂದೆ ಬಂದವರು ಅಜ್ಜಿ. ಅವರ ಕನ್ನಡದ ನಡುವೆ ತೆಲುಗು ತಾನಾಗಿ ನುಗ್ಗುತ್ತಿತ್ತು. ತೆಲುಗಿನಲ್ಲಿ ಸಗಣಿಗೆ ಪೇಡ ಅನ್ನುತ್ತಾರೆ.

“ಪೇಡಕ್ಕೇನು ಕಮ್ಮಿ ಇಲ್ಲ ಸಾಮೀ. ಅಕ್ಕಪಕ್ಕದೋರು ದಿನಾ ಬುಟ್ಟಿಗಟ್ಟಲೆ ತಂದು ಕೊಡ್ತಾರೆ.”

ಸಾಹೇಬರ ಕಣ್ಣರಳಿತು. “ಬುಟ್ಟಿಗಟ್ಟಲೆ ಪೇಡೆ? ಅಷ್ಟು ತಗೊಂಡು ಏನ್ ಮಾಡ್ತೀರಿ?”

“ನೀರು ಹಾಕಿ ಕಲಸಿ ಗುಂಡಿಗೆ ಸುರೀತೀವಿ.”

“ತಿನ್ನೂದು ಬಿಟ್ಟು ಗುಂಡಿಗೆ ಸುರೀತೀರೇನು?”

ಅಜ್ಜಿ ಅವರನ್ನೇ ಕನಿಕರದಿಂದ ನೋಡಿದರು. “ಪಾಪ, ಇವರೂರಲ್ಲಿ ಏನ್ ಬರಗಾಲವೋ” ಎಂದು ಗೊಣಗಿ ಸೊಸೆಗೆ ಹೇಳಿದರು: “ಏನೇ, ಸಾಹೇಬ್ರಿಗೆ ಒಂದು ಬುಟ್ಟಿ ತಂದುಕೊಡೇ.”

ಬುಟ್ಟಿ ಬಂತು. ಸಾಹೇಬರು ಬಗ್ಗಿ ನೋಡಿ ಮೊದಲು ಮೂಗು ಹಿಡಿದುಕೊಂಡರು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು.

“ಇಷ್ಟು ತಂದುಕೊಡೋ ನೆರೆಮನಿಯವರು ಇದ್ದಮ್ಯಾಲೆ ಒಲಿ ಇಲ್ಲೇ ಇರ್ಲಿ ಬಿಡ್ರಿ” ಅಂದರು. ಸೊಸೆಗೆ ಹೋದ ಜೀವ ಬಂತು.

ಹೊರಡುವಾಗ ಸಾಹೇಬರು ಅಜ್ಜಿಗೆ ತಿಳಿಸಿ ಹೇಳಿದರು. “ನಮ್ಮ ಕಡೆ ಪೇಡೆ ಅಂದ್ರ ಸಿಹಿ ತಿಂಡಿ ಅಜ್ಜಿ. ಹಾಲಿನಿಂದ ಮಾಡ್ತಾರ.”

ಅಜ್ಜಿ ತಲೆಯಾಡಿಸಿದರು. “ಅದೂ ಹಸೂಂದೇ ಅಲ್ವಾ ಸಾಮೀ. ಬರೋ ದಾರಿ ಬೇರೆ, ಅಷ್ಟೇ.”