ದೈವನಿಂದೆ, ಮೂರು ಪ್ರತಿಯಲ್ಲಿ

ಟೈಪಿಸ್ಟನ ಅವತ್ತಿನ ಫಜೀತಿಗೆಲ್ಲ ಕಾರಣ ಒಂದೇ ಒಂದು ವಾಕ್ಯ. ಆ ವಾಕ್ಯ ಯಾವುದು ಅಂತ ಮಾತ್ರ ನನ್ನನ್ನು ಕೇಳಬೇಡಿ, ನನಗೂ ಹೆಂಡತಿ ಮಕ್ಕಳಿದ್ದಾರೆ. ಹೊಸ ಕಾಯ್ದೆ ಬಂದ ಮೇಲೆ ದೇವರ ಬಗ್ಗೆ ಹಗುರವಾಗಿ ಆಡಿದವರು, ಬರೆದವರು, ಅಚ್ಚು ಹಾಕಿದವರು ಎಲ್ಲರಿಗೂ ಒಂದೇ ಶಿಕ್ಷೆ. ಕತೆ ಹೇಳುವವನಿಗೆ ವಿನಾಯಿತಿ ಇದೆಯೋ ಎಂದು ಹುಡುಕಿ ನೋಡಿದೆ, ಇಲ್ಲ. ಏಳು ಪದದ ವಾಕ್ಯ, ಕೇಳಿದರೆ ನಗು ಬರುತ್ತದೆ. ನಿಮಗೆ ಅಷ್ಟು ತಿಳಿದರೆ ಸಾಕು.

ಟೈಪಿಸ್ಟ್ ಕೂರುವುದು ಒಂದು ಸರ್ಕಾರಿ ಕಟ್ಟಡದ ಜಗಲಿಯಲ್ಲಿ, ಮಹಡಿ ಮೆಟ್ಟಿಲಿನ ಕೆಳಗೆ. ಎಡಕ್ಕೆ ಪೊಲೀಸ್ ಠಾಣೆ, ಮೇಲೆ ಪರವಾನಗಿ ಕಚೇರಿ. ಕುಂಟುವ ಕಾಲಿಗೆ ರಟ್ಟು ಮಡಿಸಿ ಕೊಟ್ಟ ಒಂದು ಮೇಜು, ಅದರ ಮೇಲೊಂದು ಮುದಿ ಟೈಪ್‌ರೈಟರು. ಇಪ್ಪತ್ತಾರು ವರ್ಷದಿಂದ ಊರಿನವರ ಜಗಳಗಳನ್ನೆಲ್ಲ ಕಾರ್ಬನ್ ಹಾಕಿ ಮೂರು ಪ್ರತಿ ಮಾಡಿಕೊಟ್ಟವನು ಅವನು. ಅಕ್ಷರ ನೋಡುತ್ತಾನೆಯೇ ಹೊರತು ಅರ್ಥ ನೋಡುವುದಿಲ್ಲ, ಅದೇ ಅವನ ಹೆಮ್ಮೆ.

ಆ ಮೇಜಿನ ಪರವಾನಗಿ ಅವತ್ತು ನಾಲ್ಕು ಗಂಟೆಗೆ ಮುಗಿಯುವುದಿತ್ತು. ಅಷ್ಟರೊಳಗೆ ಮಹಡಿಯ ಹೆಡ್ ಗುಮಾಸ್ತರು ಸಹಿ ಹಾಕಿದರೆ ಇನ್ನೈದು ವರ್ಷ ನಿಶ್ಚಿಂತೆ. ಹಾಕದಿದ್ದರೆ ಜಾಗ ಖಾಲಿ. ಕಂಪ್ಯೂಟರ್ ಅಂಗಡಿಯವನೊಬ್ಬ ಮೆಟ್ಟಿಲ ಕೆಳಗೆ ಟೇಪು ಹಿಡಿದು ಆಗಲೇ ಅಳತೆ ತೆಗೆದುಕೊಂಡು ಹೋಗಿದ್ದ. ನವೀಕರಣದ ಅರ್ಜಿಯಲ್ಲಿ ಕಂಟಕದ ಪ್ರಶ್ನೆ ಇದ್ದದ್ದು ಒಂದೇ: ನಿಮ್ಮ ಮೇಲೆ ಪೊಲೀಸ್ ದೂರು ಇದೆಯೇ? ಟೈಪಿಸ್ಟ್ ಅದರ ಮುಂದೆ ‘ಇಲ್ಲ’ ಎಂದು ಬೆಳಿಗ್ಗೆಯೇ ಅಂದವಾಗಿ ಒತ್ತಿ ಮೇಲೆ ಕೊಟ್ಟು ಬಂದಿದ್ದ.

ಹತ್ತು ಗಂಟೆಗೆ ನಿವೃತ್ತ ಮೇಷ್ಟ್ರು ಬಂದರು. ಪ್ರಾರ್ಥನಾ ಮಂದಿರದಲ್ಲಿ ಮೂವತ್ತು ವರ್ಷದಿಂದ ಮುಂದಿನ ಸಾಲು ಬಿಟ್ಟುಕೊಡದವರು. ಒಂದು ಕೆನ್ನೆ ನುಣ್ಣಗಿತ್ತು, ಇನ್ನೊಂದರ ಮೇಲೆ ಸೋಪಿನ ನೊರೆ ಒಣಗಿತ್ತು. ಕ್ಷೌರ ನಡೆಯುತ್ತಿದ್ದಾಗ ನಲ್ಲಿ ನಿಂತುಹೋಯಿತಂತೆ, ಕ್ಷೌರದವನು ಸೂರಿನ ಕಡೆ ನೋಡಿ ದೇವರಿಗೆ ಏನೋ ಅಂದನಂತೆ, ಇವರು ಅರ್ಧಕ್ಕೇ ಎದ್ದು ದೂರು ಕೊಡಲು ಬಂದುಬಿಟ್ಟಿದ್ದರು.

“ಏನಂದ ಅಂತ ಹೇಳಿ ಮೇಷ್ಟ್ರೇ. ಅಂದಿದ್ದನ್ನ ಅಂದ ಹಾಗೇ ಹಾಕ್ಬೇಕು,” ಎಂದ ಟೈಪಿಸ್ಟ್.

ಮೇಷ್ಟ್ರು ಆಚೀಚೆ ನೋಡಿ ಅವನ ಕಿವಿಯಲ್ಲಿ ಹೇಳಿದರು. ಅವನು ಎಂದಿನಂತೆ ಅರ್ಥದ ಗೊಡವೆಗೆ ಹೋಗದೆ ಏಳು ಪದಗಳನ್ನೂ ಒತ್ತಿದ, ಮೂರು ಪ್ರತಿ ಬಿಡಿಸಿ ಕೈಗಿಟ್ಟ. ಮೇಷ್ಟ್ರು ಹೋಗಿ ಐದು ನಿಮಿಷವಾಗಿರಲಿಲ್ಲ, ಠಾಣೆಯಿಂದ ಕರೆ ಬಂತು.

ಠಾಣೆಯಲ್ಲಿ ದೂರು ಬರೆದುಕೊಳ್ಳುವ ಪೇದೆಗೆ ಎಲ್ಲರೂ ರೈಟರ್ ಎನ್ನುತ್ತಾರೆ. ಕಾನೂನು ಪುಸ್ತಕವನ್ನು ಬೆರಳಿಟ್ಟು ಓದುವ ಮನುಷ್ಯ. ಮೂರು ಪ್ರತಿಗಳನ್ನೂ ಇಸ್ಪೀಟಿನಂತೆ ಮೇಜಿನ ಮೇಲೆ ಹರವಿಕೊಂಡು ಕೂತಿದ್ದರು.

“ಕ್ಷೌರದವನು ಆಡಿದ್ದಕ್ಕೆ ಸಾಕ್ಷಿ ಇಲ್ಲ. ಮೇಷ್ಟ್ರು ನಿಮ್ಮ ಕಿವೀಲಿ ಹೇಳಿದ್ದಕ್ಕೂ ಸಾಕ್ಷಿ ಇಲ್ಲ. ಬರೆದಿದ್ದಕ್ಕೆ ಮಾತ್ರ ಮೂರು ಸಾಕ್ಷಿ ನನ್ನ ಕೈಲೇ ಇದೆ,” ಎಂದರು.

ಬರೆದವನು ನಾನಲ್ಲ, ಬರೆಸಿದವರು ಮೇಷ್ಟ್ರು ಎಂದ ಟೈಪಿಸ್ಟ್. ಅಂಥ ಪದ ಕಾಯ್ದೆಯಲ್ಲಿಲ್ಲ ಎಂದರು ರೈಟರ್. ಅವರ ಕಷ್ಟವೂ ಸಣ್ಣದಲ್ಲ. ದೂರನ್ನು ರಿಜಿಸ್ಟರಿಗೆ ಇಳಿಸಿಕೊಳ್ಳಬೇಕು. ಇಳಿಸಿಕೊಂಡರೆ ಅವರೂ ಬರೆದವರಾಗುತ್ತಾರೆ. ಪೆನ್ನಿನ ಮುಚ್ಚಳ ತೆಗೆಯುವುದು, ಹಾಕುವುದು, ಹೀಗೇ ಅರ್ಧ ಗಂಟೆ ಕಳೆಯಿತು. ಕೊನೆಗೆ ಅವರೇ ದಾರಿ ತೋರಿಸಿದರು: ಈ ಪ್ರತಿಗಳನ್ನು ಒಯ್ದು ಊಟದ ಹೊತ್ತಿನೊಳಗೆ ಆ ವಾಕ್ಯ ಕಾಣದ ಹಾಗೆ ಮಾಡಿಕೊಂಡು ಬನ್ನಿ, ಇಲ್ಲದಿದ್ದರೆ ಮೊದಲ ಆರೋಪಿ ನೀವೇ.

ಅವನು ಹೊರಗೆ ಬರುವಷ್ಟರಲ್ಲಿ ಜಗಲಿಯಲ್ಲಿ ಜನ ಸೇರಿದ್ದರು. ದೇವರಿಗೆ ಏನೋ ಅಂದಿದ್ದಾರಂತೆ ಎಂಬ ಸುದ್ದಿ ಹಬ್ಬಿತ್ತು. ಏನಂದರು ಎಂಬುದು ಗೊತ್ತಿಲ್ಲದೆ ಯಾರಿಗೂ ಸರಿಯಾಗಿ ಸಿಟ್ಟು ಬರುತ್ತಿರಲಿಲ್ಲ. ಹಾಗಾಗಿ ಒಬ್ಬೊಬ್ಬರೇ ಮೇಷ್ಟ್ರ ಬಳಿ ಹೋಗಿ ಕಿವಿ ಕೊಡುವುದು, ಅವರು ಪಿಸುಗುಟ್ಟುವುದು, ಇವರು ಮುಖ ತಿರುಗಿಸಿಕೊಂಡು ನಗು ನುಂಗಿ, ಆಮೇಲೆ ಕೆಂಡವಾಗುವುದು. ಮಧ್ಯಾಹ್ನದ ಹೊತ್ತಿಗೆ ಕ್ಷೌರದವನು ಒಂದು ಸಲ ಆಡಿದ ಮಾತನ್ನು ಮೇಷ್ಟ್ರು ನಲವತ್ತು ಸಲ ಆಡಿದ್ದರು.

ಅಷ್ಟರಲ್ಲಿ ಊರಿನ ವಕೀಲರೊಬ್ಬರು ಓಡಿ ಬಂದರು. ವಾಕ್ ಸ್ವಾತಂತ್ರ್ಯದ ಮೇಲೆ ಒಂದು ದೊಡ್ಡ ಕೇಸು ನಡೆಸಬೇಕು ಎಂಬುದು ಅವರ ಹನ್ನೊಂದು ವರ್ಷದ ಆಸೆ. ಟೈಪಿಸ್ಟನ ಕೈ ಹಿಡಿದುಕೊಂಡು, ಒಂದಕ್ಷರವನ್ನೂ ಅಳಿಸಬೇಡಿ, ಬರೆಯುವುದು ನಿಮ್ಮ ಹಕ್ಕು, ಬೇಕಾದರೆ ಆರು ತಿಂಗಳು ಒಳಗಿದ್ದು ಬನ್ನಿ, ಮಿಕ್ಕಿದ್ದು ನನಗೆ ಬಿಡಿ ಎಂದು ಧೈರ್ಯ ತುಂಬಿದರು. ಅವರ ಕಣ್ಣಲ್ಲಿ ನೀರೇ ಬಂದಿತ್ತು.

“ನನಗೆ ಹಕ್ಕು ಬೇಡ ಸಾರ್, ಮೇಜು ಸಾಕು,” ಎಂದ ಟೈಪಿಸ್ಟ್.

ಪಾಪ, ಅವನಿಗೆ ಅಳು ಬರುವುದೊಂದು ಬಾಕಿ. ಇಪ್ಪತ್ತಾರು ವರ್ಷ ಯಾರ ತಂಟೆಗೂ ಹೋದವನಲ್ಲ. ಒಂದೊಂದೇ ಪ್ರತಿಯನ್ನು ಮತ್ತೆ ಯಂತ್ರಕ್ಕೆ ಏರಿಸಿ, ಅಡ್ಡಗೆರೆಯ ಕೀಲಿಯನ್ನು ಕುಟ್ಟಿ ಕುಟ್ಟಿ, ಆ ಏಳು ಪದವೂ ಕಪ್ಪು ಪಟ್ಟಿಯಾಗುವ ತನಕ ಬಿಡಲಿಲ್ಲ. ಕಾಗದ ಎರಡು ಕಡೆ ತೂತೇ ಬಿತ್ತು. ಒಂದು ಕಡೆ ಮೇಷ್ಟ್ರು, ವಾಕ್ಯವೇ ಇಲ್ಲದಿದ್ದರೆ ದೂರಿನಲ್ಲಿ ನನ್ನ ಸಹಿ ಬಿಟ್ಟು ಇನ್ನೇನಿದೆ ಎಂದು ಕೂಗಾಡಿದರು. ಇನ್ನೊಂದು ಕಡೆ ವಕೀಲರು ಹೇಡಿ ಎಂದರು. ಅವನು ಎರಡೂ ಕಿವಿಗೆ ಹಾಕಿಕೊಳ್ಳದೆ ಪ್ರತಿಗಳನ್ನು ಒಯ್ದು ರೈಟರ್ ಮುಂದಿಟ್ಟು ಬೆವರು ಒರೆಸಿಕೊಂಡ. ಗಂಟೆ ಒಂದೂವರೆಯಾಗಿತ್ತು.

ಆಗ ಊಟದ ಡಬ್ಬಿ ಹಿಡಿದು ಅವನ ಅತ್ತೆ ಬಂದರು. ಹೆಂಡತಿಗೆ ಜ್ವರ, ಅದಕ್ಕೇ ಇವರು. ಎಪ್ಪತ್ತು ದಾಟಿದ ಜೀವ, ಕಿವಿ ಸ್ವಲ್ಪ ಮಂದ, ಗಂಟಲು ಮಾತ್ರ ಖಣ ಖಣ. ಇಷ್ಟೊಂದು ಜನ ಯಾಕೆ ಎಂದು ಮೇಷ್ಟ್ರನ್ನೇ ಕೇಳಿದರು. ಮೇಷ್ಟ್ರು ಪಿಸುಗುಟ್ಟಿದ್ದು ಕೇಳಿಸಲಿಲ್ಲ. ಎರಡನೇ ಸಲವೂ ಕೇಳಿಸಲಿಲ್ಲ. ಮೂರನೇ ಸಲ ಮೇಷ್ಟ್ರಿಗೆ ತಾಳ್ಮೆ ಕೆಟ್ಟು, ಇಡೀ ಜಗಲಿಗೆ ಕೇಳುವ ಹಾಗೆ ಕೂಗಿ ಹೇಳಿದರು.

ಅತ್ತೆಯ ಮುಖ ಅರಳಿತು.

“ಅಳಿಯಂದ್ರೇ, ಇದು ನಮ್ಮ ಮಂದಿರದ ಸಂಜೆ ಹಾಡಿನ ನಾಲ್ಕನೇ ಚರಣ ಅಲ್ವಾ? ಮುಂದಿನ ಸಾಲು ಯಾಕೆ ಬಿಟ್ರು ಇವರು?”

ಎಂದವರೇ ಡಬ್ಬಿ ಕೆಳಗಿಟ್ಟು, ಕಣ್ಣು ಮುಚ್ಚಿ, ಆ ಏಳು ಪದವನ್ನೂ ಅದರ ಮುಂದಿನದನ್ನೂ ರಾಗವಾಗಿ ಹಾಡಿಯೇ ಬಿಟ್ಟರು. ಯಾವುದೋ ಕಾಲದ ಸಂತರೊಬ್ಬರು ಸಲುಗೆಯಿಂದ ದೇವರನ್ನು ತರಾಟೆಗೆ ತೆಗೆದುಕೊಂಡ ಹಾಡು ಅದು. ಮಂದಿರದಿಂದ ಪುಸ್ತಕ ತರಿಸಿ ನೋಡಿದರು. ಇತ್ತು, ನಾಲ್ಕನೇ ಚರಣ. ಎರಡು ಚರಣ ಆದ ಮೇಲೆ ಬರೀ ತುಟಿ ಆಡಿಸುತ್ತ ನಿಲ್ಲುವುದು ಮುಂದಿನ ಸಾಲಿನವರ ಪದ್ಧತಿ. ಮೂವತ್ತು ವರ್ಷದಲ್ಲಿ ಮೇಷ್ಟ್ರು ಅಲ್ಲಿಯ ತನಕ ಹೋಗಿಯೇ ಇರಲಿಲ್ಲ. ಬೆಳಿಗ್ಗೆಯಿಂದ ಕೆಂಡ ಕಾರುತ್ತಿದ್ದವರೆಲ್ಲ ತಲೆ ಬಾಗಿಸಿ ನಿಂತರು. ಹಾಗಾದರೆ ಈಗಲಾದರೂ ಆ ವಾಕ್ಯ ಹೇಳಬಹುದಲ್ಲ ಎನ್ನುತ್ತೀರಿ. ಒಂದಕ್ಷರ ಹೆಚ್ಚುಕಮ್ಮಿಯಾದರೆ ನನ್ನ ಗತಿ ಏನು, ಬೇಡ.

ಟೈಪಿಸ್ಟನಿಗೆ ಹೋದ ಜೀವ ಬಂದಂತಾಯಿತು. ನಿಂದೆಯೇ ಇಲ್ಲ ಅಂದಮೇಲೆ ದೂರೂ ಇಲ್ಲ. ಅತ್ತೆಯ ಕಾಲಿಗೆ ಬೀಳುವುದೊಂದು ಬಾಕಿ, ಅಷ್ಟು ಖುಷಿಯಾಗಿ ಡಬ್ಬಿ ಬಿಚ್ಚಿ ಎರಡು ತುತ್ತು ಬಾಯಿಗಿಟ್ಟ.

ಮೂರನೇ ತುತ್ತಿಗೆ ರೈಟರ್ ಹೊರಗೆ ಬಂದರು. ಕೈಯಲ್ಲಿ ಕಾನೂನು ಪುಸ್ತಕ, ಬೆರಳು ಮುಂದಿನ ಪುಟದಲ್ಲಿ. ಪವಿತ್ರ ವಾಕ್ಯವನ್ನು ಅಳಿಸಿದವರಿಗೆ, ವಿರೂಪಗೊಳಿಸಿದವರಿಗೆ ದುಪ್ಪಟ್ಟು ಶಿಕ್ಷೆ ಎಂದು ಓದಿದರು. ಅಳಿಸಲು ಹೇಳಿದವರು ನೀವೇ ಅಲ್ಲವೇ ಎಂದ ಟೈಪಿಸ್ಟ್. ಹೇಳಿದ್ದಕ್ಕೆ ಸಾಕ್ಷಿ ಎಲ್ಲಿದೆ ಎಂದರು ಅವರು, ಅದೂ ನಿಷ್ಠುರವಿಲ್ಲದ ಮೃದುವಾದ ದನಿಯಲ್ಲಿ. ತೂತು ಬಿದ್ದ ಮೂರು ಪ್ರತಿಗಳೂ ಭದ್ರವಾಗಿ ಅವರ ಕಪಾಟಿನಲ್ಲಿದ್ದವು.

ಮೇಷ್ಟ್ರಿಗೆ ಹೋದ ಮಾನ ಮರಳಿ ಪಡೆಯುವ ದಾರಿ ಕಂಡಿತು. ಸಂತರ ಹಾಡಿಗೆ ಮಸಿ ಬಳಿದಿದ್ದಾನೆ ಎಂದರು. ವಕೀಲರಿಗೂ ದಾರಿ ಕಂಡಿತು. ಒಬ್ಬ ಕವಿಯ ಮಾತಿನ ಮೇಲೆ ಗೆರೆ ಎಳೆಯುವುದಕ್ಕಿಂತ ದೊಡ್ಡ ದಮನ ಯಾವುದು ಎಂದರು. ಜನ್ಮದಲ್ಲಿ ಒಂದು ಮಾತಿಗೂ ಒಪ್ಪದ ಇಬ್ಬರೂ ಜಂಟಿಯಾಗಿ ದೂರು ಕೊಡುವುದೆಂದು ನಿರ್ಧರಿಸಿ, ಟೈಪಿಸ್ಟನ ಮೇಜಿನ ಮುಂದೆಯೇ ಬಂದು ನಿಂತರು. ಟೈಪು ಮಾಡದ ದೂರನ್ನು ಠಾಣೆ ತೆಗೆದುಕೊಳ್ಳುವುದಿಲ್ಲವಲ್ಲ.

ನನ್ನ ಮೇಲಿನ ದೂರನ್ನು ನಾನೇ ಒತ್ತುವುದಿಲ್ಲ, ಬೇರೆ ಕಡೆ ಹೋಗಿ ಎಂದು ಟೈಪಿಸ್ಟ್ ಯಂತ್ರಕ್ಕೆ ಹೊದಿಕೆ ಹಾಕಿದ. ಗಂಟೆ ಮೂರೂವರೆ. ಇನ್ನರ್ಧ ಗಂಟೆ ದೂಡಿದರೆ ಸಹಿ ಬೀಳುತ್ತದೆ ಎಂಬುದು ಅವನ ಲೆಕ್ಕ. ಅಷ್ಟರಲ್ಲಿ ಗದ್ದಲ ಕೇಳಿ ಹೆಡ್ ಗುಮಾಸ್ತರೇ ಅವನ ಫೈಲು ಹಿಡಿದು ಮಹಡಿಯಿಂದ ಇಳಿದು ಬಂದರು. ಒಳ್ಳೆಯ ಮನುಷ್ಯ, ನಿಯಮ ಬಿಟ್ಟು ಒಂದು ಹೆಜ್ಜೆ ಆಚೀಚೆ ಇಡುವವರಲ್ಲ.

“ನೋಡಿ, ದೂರು ದಾಖಲಾದ್ರೆ ಪರವಾನಗಿ ಕೊಡೋಕಾಗಲ್ಲ. ಬಂದೋರ ಅರ್ಜಿ ಟೈಪು ಮಾಡಲ್ಲ ಅಂದ್ರೂ ಕೊಡೋಕಾಗಲ್ಲ, ಏಳನೇ ಷರತ್ತು,” ಎಂದರು ಬೇಸರದಿಂದ. “ಯಾವುದಾದ್ರೂ ಒಂದು ಮಾಡಿ, ನಾನು ಇಲ್ಲೇ ಇರ್ತೀನಿ.”

ಬಂದ ಗಿರಾಕಿಯನ್ನು ಬರಿಗೈಯಲ್ಲಿ ಕಳಿಸಿ ಟೈಪಿಸ್ಟನಿಗೆ ಅಭ್ಯಾಸವಿರಲಿಲ್ಲ. ಹೊದಿಕೆ ತೆಗೆದ, ಕಾಗದ ಏರಿಸಿದ. ಮೇಷ್ಟ್ರು ಒಂದು ಸಾಲು, ವಕೀಲರು ಒಂದು ಸಾಲು ಹೇಳುತ್ತ ಹೋದರು, ಇವನು ಒತ್ತುತ್ತ ಹೋದ. ಆರೋಪಿಯ ಹೆಸರು ಬಂತು, ಒತ್ತಿದ. ವಯಸ್ಸು ಬಂತು, ಒತ್ತಿದ. ವೃತ್ತಿ ಎಂಬಲ್ಲಿಗೆ ಬಂದಾಗ ಅವನ ಕೈ ನಿಂತಿತು.

“ವೃತ್ತಿ ಏನಂತ ಹಾಕ್ಲಿ ಸಾರ್?” ಎಂದು ಹೆಡ್ ಗುಮಾಸ್ತರನ್ನು ಕೇಳಿದ.

ಅವರು ಗೋಡೆ ಗಡಿಯಾರ ನೋಡಿದರು. ನಾಲ್ಕಕ್ಕೆ ಐದು ನಿಮಿಷವಿತ್ತು.

“ಸದ್ಯಕ್ಕೆ ಟೈಪಿಸ್ಟ್ ಅಂತಾನೇ ಹಾಕಿ,” ಎಂದರು. “ಬೇಗ ಹಾಕಿ.”